ಚರಗದ ಬುಟ್ಟಿ

ಜಮಖಂಡಿಯ ಭೂನ್ಯಾಯ ಮಂಡಳಿ ಕಚೇರಿಯ ಪಡಸಾಲೆಯಲ್ಲಿ ಇದ್ದದ್ದು ಒಂದೇ ಬೆಂಚು. ವಾದಿ, ಪ್ರತಿವಾದಿ ಅದರ ಮೇಲೆಯೇ ಕೂಡಬೇಕು. ಹೊಲದ ಒಡತಿ ವತ್ಸಲಾಬಾಯಿ ಗೋಡೆಯ ಕಡೆ. ಆ ಹೊಲವನ್ನು ಪಾಲಿಗೆ ಮಾಡುತ್ತ ಬಂದ ಮನೆಯ ಸೊಸೆ ಶಿವವ್ವ ಬಾಗಿಲ ಕಡೆ. ಉಳುವವನೇ ಒಡೆಯ ಎಂಬ ಕಾನೂನು ಬಂದಾಗ ಶಿವವ್ವನ ಮಾವ ಹಾಕಿದ ಅರ್ಜಿ ಒಮ್ಮೆ ಗೆದ್ದು, ಬೆಂಗಳೂರಿನ ಕೋರ್ಟಿನಲ್ಲಿ ಸೋತು, ಮರುವಿಚಾರಣೆಗೆಂದು ಇಲ್ಲಿಗೇ ಮರಳಿತ್ತು. ಆಮೇಲೆ ಅದು ಎಲ್ಲಿಗೂ ಹೋಗಲಿಲ್ಲ. ಸಾಹೇಬರಿದ್ದರೆ ಮಂಡಳಿಗೆ ಸದಸ್ಯರಿಲ್ಲ; ಸರಕಾರ ಸದಸ್ಯರನ್ನು ನೇಮಿಸುವಷ್ಟರಲ್ಲಿ ಸಾಹೇಬರಿಗೆ ವರ್ಗ. ತೀರಿಕೊಂಡ ಗಂಡಂದಿರಿಂದ ಇಬ್ಬರಿಗೂ ಈ ಖಟ್ಲೆ ಬಂದಿತ್ತು, ಬೆಂಚಿನ ಸಮೇತ.

“ಬಾಯಾರ, ರೊಟ್ಟಿಗಿ ಶೇಂಗಾ ಹಿಂಡಿ ತಂದೇನ್ರಿ. ನಿಮ್ಮ ವಕೀಲ್ರು ಬರೂದ್ರಾಗ ತಿಂದುಬಿಡ್ರಿ.”

“ಪಾಲು ಕೊಟ್ಟೇನಿ ಅಂತ ಬರಿಸಿ ಖಟ್ಲೆ ಗೆದ್ದುಗಿದ್ದೀ ಮತ್ತ,” ಎನ್ನುತ್ತ ವತ್ಸಲಾಬಾಯಿ ರೊಟ್ಟಿ ಮುರಿದರು.

ಅಂದು ಅಪರೂಪಕ್ಕೆ ಮಂಡಳಿ ಕೂಡಿತು. ಹೊಲವನ್ನು ತಮ್ಮ ಕಕ್ಷಿದಾರರೇ ಮಾಡಿಸುತ್ತಾರೆ, ಶಿವವ್ವನ ಮನೆಯವರು ಬರೀ ಕೂಲಿಯವರು ಎಂದು ವತ್ಸಲಾಬಾಯಿಯ ವಕೀಲರು ಒಂದು ಫೋಟೊ ಮುಂದಿಟ್ಟರು. ಹೋದ ವರ್ಷದ ಎಳ್ಳಮಾವಾಸ್ಯೆಯದು. ಎದೆಯೆತ್ತರದ ಜೋಳದ ನಡುವೆ, ಭೂಮಿತಾಯಿಯ ಪಾಲಿನ ಅಡಿಗೆಯಾದ ಚರಗವನ್ನು ಬುಟ್ಟಿಯಿಂದ ಚೆಲ್ಲುತ್ತ ವತ್ಸಲಾಬಾಯಿ ಮುಂದೆ. ನೀರಿನ ತಂಬಿಗೆ ಹಿಡಿದು ಶಿವವ್ವ ಹಿಂದೆ.

“ಚರಗ ಚೆಲ್ಲುವವರು ಹೊಲದ ಒಡೆಯರು, ಸಾಹೇಬರೆ. ಹಿಂದೆ ನೀರು ಹಿಡಿಯುವುದು ಆಳು.”

ಸಾಹೇಬರು ಶಿವವ್ವನತ್ತ ನೋಡಿದರು. “ಖರೇ ಏನವ್ವ?”

“ಫೋಟೊ ಖರೇ ಐತ್ರಿ. ಬಾಯಾರು ಹಿರೇರು ಅಂತ ಬುಟ್ಟಿ ನಾನ ಅವರ ಕೈಯಾಗ ಕೊಟ್ಟೇನಿ. ನಮ್ಮತ್ತೀನೂ ಕೊಡತಿದ್ಲು. ಬುಟ್ಟ್ಯಾಗಿನ ಅಡಿಗಿ ನಂದರಿ. ಜ್ವಾಳಾನೂ ನಾನ ಬಿತ್ತಿದ್ದು.”

ಇಷ್ಟನ್ನು ಬರೆದುಕೊಳ್ಳುವ ಪುರಸೊತ್ತು ಯಾರಿಗೂ ಇದ್ದಂತಿರಲಿಲ್ಲ. ಈ ವರ್ಷದ ಎಳ್ಳಮಾವಾಸ್ಯೆಯ ನಂತರದ ತಾರೀಖು ಕೊಟ್ಟು, ಅಂದೇ ತೀರ್ಪು ಎಂದರು.

ಕಾರಿನಲ್ಲಿ ವತ್ಸಲಾಬಾಯಿ ಮಗನನ್ನು ಕೇಳಿದರು. “ನಂದೂ, ಆ ಫೋಟೊ ನೆನಪಿಗೆ ಅಂತ ತಗದದ್ದಲ್ಲೇನು?”

“ನೆನಪಿಗೂ ಆತು, ಕೆಲಸಕ್ಕೂ ಆತು, ಆಯೀ,” ಎಂದ ನಂದಕಿಶೋರ. “ತುಬಚಿ ನೀರಾವರಿ ನೀರು ಬಂದಮ್ಯಾಲೆ ಆ ಹೊಲದ ಕಿಮ್ಮತ್ತು ಏನದ, ನಿನಗ ಗೊತ್ತಿಲ್ಲ. ಅದರ ಸಲುವಾಗಿನೇ ಅಪ್ಪಾ ಅಲದಲದು ಹೋದರು. ಯಾರದೂ ಕಸಗೊಳ್ಳಲಿಕತ್ತಿಲ್ಲ ನಾವು. ಅಜ್ಜನ ಹೊಲ ಕೇಳಲಿಕತ್ತೇವಿ.”

ಅದೂ ಸುಳ್ಳಲ್ಲ. ಊರ ಅಗಸಿ ಬಾಗಿಲು ದಾಟಿದ ಮೇಲೆ ವತ್ಸಲಾಬಾಯಿ ಅಂದರು.

“ನಿಮ್ಮಜ್ಜ ಆ ಹೊಲದಾಗ ಉಂಡದ್ದು ಕೇಳೇನಿ. ರಂಟಿ ಹೊಡದು ಉತ್ತದ್ದು ಯಾರೂ ಹೇಳಿಲ್ಲ.”

ನಂದಕಿಶೋರ ಗೇರು ಬದಲಿಸಿದ.

ಈ ಸಲ ಶಿವವ್ವ ಚರಗಕ್ಕೆ ಕರೆಯಲು ಬರುವುದಿಲ್ಲ ಎಂದು ವತ್ಸಲಾಬಾಯಿ ಅಂದುಕೊಂಡಿದ್ದರು. ಹಬ್ಬದ ಹಿಂದಿನ ದಿನ ಅವಳು ಎಂದಿನಂತೆ ಬಂದು ಹೊಸ್ತಿಲಾಚೆ ನಿಂತಳು.

“ಇಷ್ಟ ಆದಮ್ಯಾಲೂ ಕರೀತೀಯೇನ ಶಿವವ್ವಾ?”

“ಬ್ಯಾಡ ಅಂತ ನಮ್ಮ ಮಗ ಪರಸಪ್ಪ ಮುಂಜಾನಿಂದ ಬೈಯಾಕತ್ತಾನ್ರಿ. ಅವಂಗೂ ಹೊಟ್ಟಿ ಉರಿತೈತಿ. ಹೊಲ ಹೋದ್ರ ನಾವು ಎಲ್ಲಿಗಿ ಹೋಗೂದು?” ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿಕೊಂಡಳು. “ಆದ್ರ ವರ್ಷಾ ಕರದವರನ್ನ ಬಿಟ್ಟು ಉಂಡ್ರ ತುತ್ತು ಇಳೀಬೇಕಲ್ರಿ.”

ಮರುದಿನ ಬನ್ನಿಗಿಡದ ಕೆಳಗೆ ಸುಣ್ಣ ಬಳಿದ ಐದು ಕಲ್ಲುಗಳಿಗೆ ಪೂಜೆಯಾಯಿತು. ಸಜ್ಜಿ ರೊಟ್ಟಿ, ಕಡಬು, ಎಣ್ಣೆಗಾಯಿಗಳ ಎಡೆಯಾಯಿತು. ಪರಸಪ್ಪ ಯಾರ ಮುಖವನ್ನೂ ನೋಡದೆ ದೂರ ಕೂತಿದ್ದ. ನಂದಕಿಶೋರ ಮೊಬೈಲು ಹಿಡಿದು ಜೋಳದ ಸಾಲಿನಲ್ಲಿ ಜಾಗ ನೋಡಿಕೊಂಡ.

ಶಿವವ್ವ ಬುಟ್ಟಿ ಎತ್ತಿದಳು. ಆ ಮೊಬೈಲನ್ನು ನೋಡಿದಳು. ವರ್ಷವರ್ಷವೂ ತಾನಾಗಿ ಚಾಚುತ್ತಿದ್ದ ಕೈ ಎದೆಯ ಹತ್ತಿರವೇ ನಿಂತಿತು. ಆಮೇಲೆ ಮೆಲ್ಲಗೆ ಮುಂದೆ ಬಂತು.

“ತಗೋರಿ, ಬಾಯಾರ.”

ವತ್ಸಲಾಬಾಯಿ ಬುಟ್ಟಿಯನ್ನು ಮುಟ್ಟಲಿಲ್ಲ. ಸೊಂಟ ಹಿಡಿದುಕೊಂಡು ಬಗ್ಗಿ, ನೆಲದ ಮೇಲಿದ್ದ ತಂಬಿಗೆ ಎತ್ತಿಕೊಂಡರು.

“ಮುಂದ ನಡಿ.”

“ಬಾಯಾರ, ಅದು ನಾ ಹಿಡಿಯೂದರಿ...”

“ತಂಬಿಗಿ ಭಾರ ಆಗೇದ. ನಡಿ.”

ನಂದಕಿಶೋರ ಮೊಬೈಲು ಕೆಳಗಿಳಿಸಿದ.

“ಯಾಕೋ ನಂದೂ, ಕೈ ಸೋತಿತೇನು? ತಗಿ. ಹ್ವಾದ ವರ್ಷದ್ದು ಕೊಟ್ಟಿಯಲ್ಲ, ಇದನ್ನೂ ಕೊಡು ವಕೀಲಗ. ನೀ ಕೊಡಲಿಲ್ಲಂದ್ರ ಸಾಹೇಬರ ಮುಂದ ನಾನೇ ಎದ್ದು ಹೇಳ್ತೀನಿ.”

“ಆಯೀ, ಹೊಲ ಹೋಗತದ.”

“ಹೋಗೂದೆಲ್ಲಿ? ಇಲ್ಲೇ ಇರತದ.”

ಆ ತಾರೀಖಿಗೆ ಮಂಡಳಿ ಕೂಡುವುದೋ, ಸಾಹೇಬರಿಗೆ ಮತ್ತೆ ವರ್ಗವಾಗುವುದೋ, ಹೇಳಬಲ್ಲವರು ಅಲ್ಲಿ ಯಾರೂ ಇರಲಿಲ್ಲ. ಶಿವವ್ವ ಜೋಳದೊಳಗೆ ಕಾಲಿಟ್ಟು, ಒಂದು ಹಿಡಿ ಚರಗ ಚೆಲ್ಲಿ “ಹುಲ್ಲುಲ್ಲಿಗೋ” ಎಂದು ಚರಗದ ಕೂಗು ಹಾಕಿದಳು. ಎರಡನೆಯ ಕೂಗು ಒಡ್ಡಿನಾಚೆಗೂ ಕೇಳಿಸಿತು. ಪರಸಪ್ಪ ಎದ್ದು ನಿಂತ. ಅವಳ ಹೆಜ್ಜೆಯ ಹಿಂದೆ ವತ್ಸಲಾಬಾಯಿ ನೀರು ಬಿಡುತ್ತ ನಡೆದರು. ಒಂದೆರಡು ಕಡೆ ನೀರು ಹೆಚ್ಚೇ ಬಿತ್ತು. ಅವರಿಗೆ ಅಭ್ಯಾಸವಿರಲಿಲ್ಲ.