ಭಟ್ಟರು ಮಾತಾಡದ ದೃಶ್ಯ

ಬಂಟ್ವಾಳದ ಚಿನ್ನಯ್ಯ ಹನ್ನೊಂದು ವರ್ಷ ಮದ್ರಾಸಿನಲ್ಲಿ ಕೂತು ಬೇರೆಯವರ ಸಿನಿಮಾಗಳಿಗೆ ಸಂಭಾಷಣೆ ಬರೆದ. ಪರದೆಯ ಮೇಲೆ ಅವನ ಹೆಸರು ಬಂದದ್ದು ಮೂರೋ ನಾಲ್ಕೋ ಸಲ, ಅದೂ ಜನ ಇನ್ನೂ ಸೀಟು ಹುಡುಕುತ್ತಿರುವಾಗ. ಕೊನೆಗೆ ೧೯೭೯ರಲ್ಲಿ ಊರಿನ ಹೋಟೆಲ್ ಧಣಿ ಅಣ್ಣು ಶೆಟ್ಟರು ಅವನ ಸ್ಕ್ರಿಪ್ಟ್ ಓದಿಸಿ ಕೇಳಿ, ಕಣ್ಣೊರೆಸಿಕೊಂಡು, "ದುಡ್ಡು ನಾನು ಹಾಕ್ತೇನೆ, ಇದನ್ನು ನೀನೇ ಡೈರೆಕ್ಷನ್ ಮಾಡು ಮಾರಾಯ" ಎಂದರು.

ಶೆಟ್ಟರನ್ನು ಅಳಿಸಿದ್ದು ಒಂದೇ ದೃಶ್ಯ. ಗೇಣಿಗೆ ಮಾಡುತ್ತಿದ್ದ ಗದ್ದೆ ಉಳುವವನಿಗೇ ಭೂಮಿ ಎಂಬ ಕಾನೂನಿನಂತೆ ಇನ್ನು ತನ್ನದೆಂದು ಅರ್ಜಿ ಕೊಟ್ಟ ಒಕ್ಕಲು ಹೆಂಗಸು ಧಣಿಯ ಅಂಗಳಕ್ಕೆ ಬಂದು ನಿಲ್ಲುತ್ತಾಳೆ, ಧಣಿ ಉತ್ತರ ಕೊಡುತ್ತಾನೆ. ಆ ಉತ್ತರ ಎರಡು ಪುಟ. ಚಿನ್ನಯ್ಯ ಅದನ್ನು ಹದಿನಾಲ್ಕು ಸಲ ತಿದ್ದಿ ಬರೆದಿದ್ದ.

ಧಣಿಯ ಪಾತ್ರಕ್ಕೆ ಗುರುವಾಯನಕೆರೆಯ ಶಿವಸುಬ್ರಹ್ಮಣ್ಯ ಭಟ್ಟರು. ತಾಳಮದ್ದಳೆಯ ಹುಲಿ. ವೇಷವಿಲ್ಲದೆ, ಬರೆದ ಮಾತಿಲ್ಲದೆ, ಕೂತಲ್ಲೇ ಕೃಷ್ಣನಾಗಿ ಗಂಟೆಗಟ್ಟಲೆ ವಾದಿಸಿ ಎದುರಾಳಿಯ ಬಾಯಿ ಮುಚ್ಚಿಸುವವರು. ಮಾತು ಬಲ್ಲವನಿಗೆ ಜಗಳವಿಲ್ಲ ಎಂದು ಗಾದೆ ಕಟ್ಟಿದವರು ತಾಳಮದ್ದಳೆ ನೋಡಿರಲಿಕ್ಕಿಲ್ಲ!

ಕಕ್ಕಿಂಜೆಯ ಒಂದು ಅಂಗಳದಲ್ಲಿ ಶೂಟಿಂಗ್. ಭಟ್ಟರು ಸ್ಕ್ರಿಪ್ಟನ್ನು ಪಕ್ಕಕ್ಕಿಟ್ಟು ತಮ್ಮದೇ ಉತ್ತರ ಶುರು ಮಾಡಿದರು. ಒಕ್ಕಲು ಹೆಂಗಸಾಗಿದ್ದ ಮೂಡುಬಿದಿರೆಯ ನಾಟಕದ ಜಲಜಾಕ್ಷಿಯೂ ಸುಮ್ಮನಿರುವವಳಲ್ಲ, ಎದುರುತ್ತರ ಕೊಟ್ಟಳು. ಭಟ್ಟರು ವಾದಕ್ಕೆ ಭೀಷ್ಮನನ್ನು ಕರೆತಂದರು. ಫಿಲ್ಮಿನ ರೋಲ್ ಮುಗಿದು ಕ್ಯಾಮರಾ ನಿಂತಿತು, ಭಟ್ಟರು ನಿಲ್ಲಲಿಲ್ಲ. ಎರಡನೆಯ ರೋಲ್ ವಿದುರನ ಪಾಲಾಯಿತು. ಆ ದೃಶ್ಯಕ್ಕೆ ಉಳಿದದ್ದು ಒಂದೇ ರೋಲ್.

"ಇದೂ ಹೋದ್ರೆ ನಾಳೆಯಿಂದ ಆ ಮದ್ರಾಸಿನ ಕ್ಯಾಮರಾದವರೇ ಡೈರೆಕ್ಷನ್ ಮಾಡ್ಲಿ" ಎಂದರು ಅಣ್ಣು ಶೆಟ್ಟರು. "ನೀನು ಮೊದಲಿನ ಹಾಗೆ ಬರ್ಕೊಂಡಿರು."

ಹನ್ನೊಂದು ವರ್ಷ ಕಾದದ್ದು ಒಂದು ಮಧ್ಯಾಹ್ನದಲ್ಲಿ ನೀರುಪಾಲಾಗುವ ಹಾಗಿತ್ತು. ಚಿನ್ನಯ್ಯ ಭಟ್ಟರನ್ನು ಬದಿಗೆ ಕರೆದ.

"ಬರೆದದ್ದನ್ನು ಯಾಕೆ ಹೇಳುದಿಲ್ಲ ಭಟ್ರೇ?"

"ನೀನು ಬರೆದದ್ದರಲ್ಲಿ ಧಣಿ ಸೋಲ್ತಾನೆ. ನಾನು ಕೂತ ಮೇಲೆ ಸೋಲ್ಲಿಕ್ಕೆ ಉಂಟಾ?"

ಚಿನ್ನಯ್ಯನಿಗೆ ಆಗ ನೆನಪಾಯಿತು. ಮೂರು ವರ್ಷದ ಹಿಂದೆ ಇದೇ ಭಟ್ಟರ ಬೈಲಿನ ಗದ್ದೆ ಅದೇ ಕಾನೂನಿನಲ್ಲಿ ಒಕ್ಕಲು ತುಕ್ರಪ್ಪನ ಹೆಸರಿಗೆ ಆಗಿತ್ತು. ನಿಜದಲ್ಲಿ ಸೋತದ್ದನ್ನು ಈ ಹಿರಿಯರು ಕ್ಯಾಮರಾದ ಮುಂದೆ ಗೆಲ್ಲುತ್ತಿದ್ದರು. ಅವರ ಮೇಲಿದ್ದ ಸಿಟ್ಟು ಇಳಿದುಹೋಯಿತು.

ಬರೆಯುವವನಿಗೆ ತನ್ನ ಮಾತೆಂದರೆ ಹೆತ್ತ ಮಗು. ಒಂದು ಸಾಲು ಬಿಡು ಅಂದರೆ ಜಗಳಕ್ಕೆ ಬರುವವರನ್ನು ನಾವು ಕಂಡಿಲ್ಲವೇ? ಈ ಚಿನ್ನಯ್ಯ ಆ ಎರಡು ಪುಟವನ್ನು ಎಲ್ಲರೆದುರು ಹರಿದು ಜೇಬಿಗೆ ಹಾಕಿಕೊಂಡ.

"ನಿಮಗೆ ಮಾತಿಲ್ಲ ಭಟ್ರೇ. ಅವಳು ಹೇಳುದನ್ನು ಕೇಳಿ, ಅಷ್ಟೇ."

"ಉತ್ತರ ಕೊಡದೆ ಹೇಗೆ ಮಾರಾಯ ಕೂರುದು?"

"ಕಷ್ಟ ಉಂಟು. ಆಗುದಿಲ್ಲಾಂತಾದ್ರೆ ಹೇಳಿ."

ಆಗುವುದಿಲ್ಲ ಎಂದು ಹೇಳಿ ಭಟ್ಟರಿಗೆ ಅಭ್ಯಾಸವಿರಲಿಲ್ಲ.

ಕ್ಯಾಮರಾ ಅವರ ಮುಖವನ್ನೇ ನೋಡುತ್ತ ನಿಂತಿತು. ಅಂಗಳದಿಂದ ಜಲಜಾಕ್ಷಿಯ ಮಾತು. ಎರಡು ಸಲ ಭಟ್ಟರ ತುಟಿ ಅಲುಗಿತು. ಬೆರಳು ಕುರ್ಚಿಯ ಕೈಯನ್ನು ಬಿಗಿಯಾಗಿ ಹಿಡಿಯಿತು. ಆಮೇಲೆ ಬೆರಳು ಸಡಿಲವಾಯಿತು, ಕಣ್ಣು ತಗ್ಗಿತು. ರೋಲ್ ಮುಗಿದರೂ ಚಿನ್ನಯ್ಯನಿಗೆ ಕಟ್ ಹೇಳಲು ಮರೆತೇಹೋಗಿತ್ತು. ಶೆಟ್ಟರು ಮತ್ತೆ ಮದ್ರಾಸಿನವರ ಸುದ್ದಿ ಎತ್ತಲಿಲ್ಲ.

ಮುಂದೆ ಎಂಬತ್ತೆಂಟರೊಳಗೆ ಚಿನ್ನಯ್ಯ ಇನ್ನೂ ಐದು ಸಿನಿಮಾ ಮಾಡಿದ, ಹೆಸರು ಮಾಡಿದ. ಅವನು ನಿರ್ದೇಶಕನಾದದ್ದು ಮಾತ್ರ ಆ ಪುಟ ಹರಿದ ದಿನವೇ, ಇದರಲ್ಲಿ ನನಗೆ ಸಂಶಯವಿಲ್ಲ.

ಆ ಮೊದಲ ಸಿನಿಮಾ ಮೂಡುಬಿದಿರೆಯ ಟಾಕೀಸಿಗೆ ಬಂದಾಗ ತಾಳಮದ್ದಳೆಯ ಅಭಿಮಾನಿಗಳೆಲ್ಲ ನುಗ್ಗಿದರು. ಅಂಗಳದ ದೃಶ್ಯ ಬಂತು. "ಭಟ್ರೇ, ಬಿಡಿ ಒಂದು ಮಾತು!" ಎಂದು ಯಾರೋ ಕೂಗಿದರು. ಮತ್ತೆ ಯಾರೂ ಕೂಗಲಿಲ್ಲ.

ಆಟ ಮುಗಿದ ಮೇಲೆ ಭಟ್ಟರು ಹೊರಗೆ ಚಿನ್ನಯ್ಯನ ಕೈ ಹಿಡಿದುಕೊಂಡರು.

"ತುಕ್ರಪ್ಪನೂ ಹೀಗೆಯೇ ಅಂಗಳಕ್ಕೆ ಬಂದು ಏನೋ ಹೇಳಿದ್ದ ಚಿನ್ನಯ್ಯ. ನಾನು ಕೊಟ್ಟ ಉತ್ತರ ಅಕ್ಷರ ಅಕ್ಷರ ನೆನಪುಂಟು. ಅವ ಹೇಳಿದ್ದು ಏನೂಂತ ಎಷ್ಟು ಯೋಚಿಸಿದ್ರೂ ನೆನಪಾಗುದಿಲ್ಲ ಮಾರಾಯ."