ಅತ್ತೆಯ ಸೂತಕ

ಕೋರ್ಟಿನ ತಾರೀಖು ಬಂತೆಂದರೆ ಜನ ಶಪಿಸುತ್ತಾರೆ. ನಾನು ಎದುರು ನೋಡುತ್ತಿದ್ದೆ. ಗಂಡ ನನ್ನನ್ನು ಮತ್ತೆ ಮನೆಗೆ ಕರೆದುಕೊಳ್ಳಲಿ ಎಂದು ನಾನೇ ಹಾಕಿದ ಕೇಸು ಅದು. ಕಮಲಾಪುರದ ತವರಿನಿಂದ ಮೊದಲ ಬಸ್ಸಿಗೇ ಕಲಬುರ್ಗಿಗೆ ಹೋಗಿ, ಕುಟುಂಬ ನ್ಯಾಯಾಲಯದ ಬೆಂಚಿನ ಮೇಲೆ ಇವರ ದಾರಿ ಕಾಯುತ್ತ ಕೂಡುತ್ತಿದ್ದೆ. ಬಂದರೂ ನನ್ನತ್ತ ನೋಡುತ್ತಿರಲಿಲ್ಲ, ಪುಣ್ಯಾತ್ಮ. ನಾನೇ ಕಣ್ತುಂಬ ನೋಡುತ್ತಿದ್ದೆ. ಅಂಗಿಯ ಕಾಲರು ಸವೆದಿದೆ, ಕೆನ್ನೆ ಒಳಗೆ ಹೋಗಿದೆ. ಬೈಯಬೇಕು ಎನಿಸುತ್ತಿತ್ತು, ಅಷ್ಟೇ ಅಳುವೂ ಬರುತ್ತಿತ್ತು.

ಕಲಬುರ್ಗಿಯ ಐವಾನ್-ಎ-ಶಾಹಿ ಬಡಾವಣೆಯ ಗಂಡನ ಮನೆಯಿಂದ ನನ್ನನ್ನು ಹೊರಗೆ ಹಾಕಿದ್ದು ಅತ್ತೆ ಜಾನಕೀಬಾಯಿ. ಇಬ್ಬರ ನಾಲಿಗೆಯೂ ಚುರುಕು, ಆಗಿಬರಲಿಲ್ಲ. ಇವರು ನಡುವೆ ನಿಂತು ಬಾಯಿಯೇ ಬಿಡಲಿಲ್ಲ. ನನ್ನ ಸಿಟ್ಟೆಲ್ಲ ಅದಕ್ಕೇ.

ಆ ಶ್ರಾವಣದಲ್ಲಿ ಅತ್ತೆ ತೀರಿಕೊಂಡರು. ನನಗೆ ಯಾರೂ ಹೇಳಿ ಕಳಿಸಲಿಲ್ಲ. ಸಂತೆಗೆ ಬಂದ ದೂರದ ನೆಂಟರೊಬ್ಬರು ಹೇಳಿದರು. ಕೇಳಿದ್ದೇ ತಡ, ತಲೆಯ ಮೇಲೆ ನೀರು ಸುರಿದುಕೊಂಡು, ಸೊಸೆಯಾದವಳು ಕೂಡಬೇಕಾದಂತೆ ಸೂತಕ ಕುಳಿತೆ. ದೇವರ ಮನೆ ಮುಟ್ಟಲಿಲ್ಲ, ಹೊಸ್ತಿಲು ದಾಟಲಿಲ್ಲ.

ಅವ್ವ ಸಿಡುಕಿದಳು. "ಹೊರಗ ಹಾಕಿದಾಕಿ ಸೂತಕ ಹಿಡೀತಿ? ಹುಚ್ಚಿ ಅದೀ ತುಂಗಾ!"

ಹುಚ್ಚೇ ಇರಬೇಕು. ಆ ಮನೆಯವಳಾಗಿ ನಾನು ಮಾಡಬಹುದಾದದ್ದು ಅದೊಂದೇ ಉಳಿದಿತ್ತು.

ತಾರೀಖು ಸೂತಕದ ನಡುವೆಯೇ ಬಂತು. ಕರ್ಮಕ್ಕೆ ಕುಳಿತ ಮಗ ಕೋರ್ಟಿಗೆ ಹೇಗೆ ಬಂದಾರು? ಅವರೂ ಇಲ್ಲ, ನಾನೂ ಇಲ್ಲ, ಕೋರ್ಟು ತಾನಾಗಿಯೇ ಮುಂದಿನ ದಿನ ಕೊಡುತ್ತದೆ ಎಂದುಕೊಂಡೆ. ವಕೀಲರಿಗೆ ಒಂದು ಫೋನು ಕೂಡ ಮಾಡಲಿಲ್ಲ.

ಶುದ್ಧಿಯಾದ ಮೇಲೆ ಸ್ಟೇಶನ್ ಬಜಾರದ ಕಚೇರಿಗೆ ಹೋದರೆ ವಕೀಲ ಸಲಾವುದ್ದೀನ್ ಹಣೆ ಚಚ್ಚಿಕೊಂಡರು.

"ಕೇಸು ವಜಾ ಆಗ್ಯದ್ರಿ ಬಾಯಿ! ಕೂಗಿದಾಗ ನೀವಿಲ್ಲ. ಯಾಕಿಲ್ಲ ಅಂದ್ರ ನನಗೇ ಮಾಲೂಮಿಲ್ಲ. ಕೋರ್ಟಿಗಿ ಎಂಥಾ ಸೂತಕ?"

"ಹಂಗಾದ್ರ ಮುಗೀತೇನ್ರಿ?" ಎಂದೆ.

"ಇಲ್ರಿ. ಮೂವತ್ತು ದಿನದಾಗ ಅರ್ಜಿ ಹಾಕಿದ್ರ ಅದೇ ಕೇಸು ಮತ್ತ ನಡೀತದ. ಆದ್ರ ಬರಲಾರದ್ದಕ್ಕ ಖರೇ ಕಾರಣ ಅದ ಅಂತ ಜಡ್ಜಸಾಹೇಬ್ರು ಒಪ್ಪಬೇಕು. ಒಪ್ಪಲಿಲ್ಲಂದ್ರ, ನಿಮ್ಮ ಯಜಮಾನ್ರಿಗಿ ಸೋಡಚೀಟಿ, ಅಂದ್ರ ಡೈವೋರ್ಸು, ತಗೊಳ್ಳೋ ದಾರಿ ಹಗುರಾತು."

ಅರ್ಜಿ ಹಾಕಿದೆವು. ವಿಚಾರಣೆಯ ದಿನ ಇವರ ವಕೀಲರು ಎದ್ದು ನಿಂತರು. "ಸ್ವಾಮಿ, ಇದು ಬರೇ ನೆಪ. ಅತ್ತಿ ಸತ್ತ ಸುದ್ದೀನೂ ನಾವು ಕಳಿಸಿಲ್ಲ. ಏಳು ವರ್ಷದಿಂದ ಮನ್ಯಾಗ ಇಲ್ಲದಾಕಿಗೆ ಯಾವ ಸೂತಕ?"

ನನ್ನ ಮೈ ಉರಿದುಹೋಯಿತು. ನ್ಯಾಯಾಧೀಶರು ಇವರ ಕಡೆ ತಿರುಗಿದರು. "ವಾಸುದೇವ, ನೀವೇ ಹೇಳ್ರಿ. ನಿಮ್ಮ ಪದ್ಧತಿ ಪ್ರಕಾರ ಇವರಿಗೆ ಸೂತಕ ಬರ್ತದೋ, ಇಲ್ಲೋ?"

ಇಲ್ಲ ಎಂದುಬಿಟ್ಟರೆ ಕೇಸಷ್ಟೇ ಅಲ್ಲ, ನಾನೂ ಮುಗಿದಂತೆ. ಇವರ ಬೋಳಿಸಿದ ತಲೆಯಲ್ಲಿ ಕೂದಲು ಆಗಷ್ಟೇ ಬರುತ್ತಿತ್ತು. ಎಂದಿನಂತೆ ಬಾಯಿ ಮುಚ್ಚಿಕೊಂಡು ನಿಂತರು. ಈಗಾದರೂ ಮಾತಾಡಿ ಎಂದು ಕೂಗಬೇಕೆನಿಸಿತು.

ಅವರ ವಕೀಲರು ಮೊಣಕೈಯಿಂದ ತಿವಿದರು. ಇವರು ಸರಿದು ನಿಂತು, ನನ್ನನ್ನೇ ನೋಡಿದರು.

"ಬರ್ತದ್ರಿ," ಎಂದರು. "ನನಗೆಷ್ಟು ದಿನಾನೋ ಆಕಿಗೂ ಅಷ್ಟೇ. ಮನಿ ಸೊಸಿ ಅಲ್ಲೇನ್ರಿ ಆಕಿ."

ನ್ಯಾಯಾಧೀಶರು ಕೇಸನ್ನು ಮತ್ತೆ ತೆಗೆದುಕೊಂಡು ಮುಂದಿನ ತಾರೀಖು ಹೇಳಿದರಂತೆ. ನನ್ನ ಕಿವಿಗೆ ಬೀಳಲಿಲ್ಲ. ಹೊರಗೆ ಬಂದ ಮೇಲೆ ಸಲಾವುದ್ದೀನರನ್ನು ಕೇಳಬೇಕಾಯಿತು.