ಎರಡನೆಯ ಗಣತಿ

ತೊಂಬತ್ತೊಂದರ ಜನಗಣತಿಗೆ ಮೇಷ್ಟ್ರು ಬಂದಾಗ, ನಂಜನಗೂಡಿನ ತನ್ನ ಒಂದಂಕಣದ ಮನೆಯ ಬಾಗಿಲಲ್ಲಿ ನಿಂತು ಚೆನ್ನಾಜಮ್ಮ ತಾನಾಗಿಯೇ ಹೇಳಿದ್ದಳು: "ಒಳಗಿರೋಳು ಬಾಡಿಗೆಯೋಳು ಕಣ್ ಸಾ." ಒಳಗಿದ್ದವಳು ಸರ್ವಮಂಗಳಾ. ಇಬ್ಬರಿಗೂ ತಾಂಡ್ಯದ ಕಾರ್ಖಾನೆಯಲ್ಲಿ ಒಂದೇ ಪಾಳಿ, ಮನೆಯಲ್ಲಿ ಒಂದೇ ಚಾಪೆ. ಊರಿನ ಬಾಯಿಗೆ ಹೆದರಿ ಹೇಳಿದ ಆ ಸುಳ್ಳನ್ನು ಹತ್ತು ವರ್ಷ ಜೋಪಾನ ಮಾಡಿದರು.

ಹೋದ ತಿಂಗಳು ಸರ್ವಮಂಗಳಾ ಜ್ವರದಲ್ಲಿ ತೀರಿಕೊಂಡಳು. ಅವಳ ಅಣ್ಣ ಹೆಣವನ್ನು ನರಸೀಪುರಕ್ಕೆ ಒಯ್ದ. ಗುಂಡಿಯ ಅಂಚಿನಲ್ಲಿ ಚೆನ್ನಾಜಮ್ಮ ಹಿಡಿ ಮಣ್ಣೆತ್ತಿದಾಗ ಅವನು ಕೈ ಅಡ್ಡ ಹಿಡಿದ. "ಮೊದ್ಲು ನೆಂಟ್ರು ಆಕ್ಲಿ, ಬಾಡಿಗೆಗಿದ್ದೋರು ಆಮೇಲೆ." ನೆಂಟರು ಹಾಕಿ ಮುಗಿಸುವಷ್ಟರಲ್ಲಿ ಗುಂಡಿ ತುಂಬಿಹೋಗಿತ್ತು.

ಈಗ ಮತ್ತೆ ಗಣತಿ, ಬೇರೆ ಮೇಷ್ಟ್ರು.

"ಮದ್ವೆ ಆಗಿದ್ಯೇನಮ್ಮ?"

ಇನ್ನು ಸುಳ್ಳು ಹೇಳಲಾರೆನೆಂದು ಅವಳು ಬೆಳಗಿನಿಂದ ಗಟ್ಟಿ ಮಾಡಿಕೊಂಡಿದ್ದಳು. "ಮುಂಡೆಯಾಗ್ಬುಟ್ಟೆ ಸಾ, ಓದ ತಿಂಗ್ಳು."

"ಯಜಮಾನ್ರ ಹೆಸ್ರು?"

"ಸರ್ವಮಂಗಳಾ."

ಪಕ್ಕದ ಮನೆಯ ಮುದ್ದಮ್ಮ ಗೋಡೆಯಾಚೆಯಿಂದ ಕೂಗಿದಳು: "ಅವ್ಳಿಗೆಲ್ಲಿ ಮದ್ವೆ ಸಾ! ಬಾಡಿಗೆಯೋಳು ಸತ್ತ ಮೇಲೆ ತಲೆ ಕೆಟ್ಟದೆ, ಪಾಪ."

ಮೇಷ್ಟ್ರಿಗೂ ಪಾಪವೆನಿಸಿತು. ಮೆಲ್ಲಗೆ 'ಅವಿವಾಹಿತೆ' ಎಂದು ಬರೆದುಕೊಂಡು, ಅದರ ಕೆಳಗೆ ಅವಳ ಹೆಬ್ಬೆಟ್ಟು ಒತ್ತಿಸಿಕೊಂಡರು.